ಸಾವ್ಕಾರರಿಗೆ ತೋರಿಸಿದ ಕೆಂಪು ಕಾರ್ಡು

ನಮ್ಮ ಹುಬ್ಬಳ್ಳಿ-ಧಾರವಾಡದಲ್ಲಿ ಪ್ರೊಫೆಷನಲ್ ಫುಟ್‌ಬಾಲ್ ಲೀಗ್ ಹುಟ್ಟಿದ್ದು ಹತ್ತಿ ವ್ಯಾಪಾರಿಯೊಬ್ಬರು ಗೋವಾಕ್ಕೆ ಮದುವೆಗೆ ಹೋಗಿ ಬಂದದ್ದರಿಂದ. ಮದುವೆಯ ಮರುದಿನ ಬೀಗರು ಅವರನ್ನು ಒಂದು ಪಂದ್ಯಕ್ಕೆ ಕರೆದುಕೊಂಡು ಹೋಗಿದ್ದರಂತೆ. ಅಲ್ಲಿ ತಂಡದ ಮಾಲೀಕನೊಬ್ಬ ಕಪ್ಪು ಕನ್ನಡಕ ಹಾಕಿಕೊಂಡು ಮೆತ್ತನೆಯ ಕುರ್ಚಿಯಲ್ಲಿ ಕುಳಿತಿದ್ದ. ಜನ ನಡುನಡುವೆ ಆಟ ಬಿಟ್ಟು ಅವನ ಕಡೆಗೇ ನೋಡುತ್ತಿದ್ದರು. ಫುಟ್‌ಬಾಲಿನ ಬಗ್ಗೆ ನಮ್ಮ ಈ ಹತ್ತಿ ಸಾವ್ಕಾರರು ಕಲಿತು ಬಂದದ್ದು ಇಷ್ಟೇ. ಲೀಗ್ ಕಟ್ಟಲು ಇಷ್ಟು ಸಾಕಾಯಿತು.

ನಾನು ಧಾರವಾಡದ ಹೈಸ್ಕೂಲೊಂದರಲ್ಲಿ ದೈಹಿಕ ಶಿಕ್ಷಣದ ಟೀಚರ್. ಕಾಲೇಜಿನಲ್ಲಿ ಫುಟ್‌ಬಾಲ್ ಆಡಿದವಳು. ಆಮೇಲೆ ಪರೀಕ್ಷೆ ಬರೆದು ರೆಫರಿ ಸರ್ಟಿಫಿಕೇಟನ್ನೂ ತಂದಿದ್ದೆ. ಅದನ್ನು ಯಾರೂ ಕೇಳಿದವರಿಲ್ಲ. ನಮ್ಮ ಮನೆಯ ಗೋಡೆಯಲ್ಲಿ ಸುಣ್ಣ ಉದುರಿದ ಜಾಗವನ್ನು ಮುಚ್ಚಿಕೊಂಡು ಅದು ವರ್ಷಗಟ್ಟಲೆ ತೂಗಾಡುತ್ತಿತ್ತು. ಒಂದು ಮಧ್ಯಾಹ್ನ ಸಾವ್ಕಾರರು ನಮ್ಮ ಸ್ಟಾಫ್ ರೂಮಿಗೇ ಬಂದುಬಿಟ್ಟರು.

“ಅಕ್ಕಾರ, ನಾವೊಂದು ಲೀಗ್ ಮಾಡಾಕತ್ತೇವ್ರಿ. ಪಕ್ಕಾ ಪ್ರೊಫೆಷನಲ್. ನೀವ ರೆಫರಿ ಆಗಬೇಕು.”

“ಪ್ರೊಫೆಷನಲ್ ಅಂದ್ರ ಆಡೋರಿಗೆ ಪಗಾರ ಇರತೈತಿ ಅಲ್ರಿ, ಸಾವ್ಕಾರ್ರ?”

“ಇರತೈತ್ರಿ, ಇರತೈತಿ. ಮೊದಲ ಟೀ ಶರ್ಟ್ ಮಾಡಸೂಣು.”

“ನನ್ನ ಯಾಕ ಆರಿಸಿದ್ರಿ?”

“ಹೆಣ್ಮಗಳು ಸೀಟಿ ಊದಿದ್ರ ಪೇಪರಿನ್ಯಾಗ ಫೋಟೋ ಬರತೈತ್ರಿ,” ಎಂದರು, ಒಂದಿಷ್ಟೂ ಮುಚ್ಚುಮರೆಯಿಲ್ಲದೆ.

ಸ್ವಾಭಿಮಾನ ಇದ್ದವಳಾದರೆ ಅಲ್ಲೇ ಬಾಗಿಲು ತೋರಿಸಬೇಕಿತ್ತು. ನಾನು ಅಂದು ಸಂಜೆಯೇ ಹೊಸ ಸೀಟಿ ಕೊಂಡೆ. ಕನ್ನಡಿಯ ಮುಂದೆ ನಿಂತು ಕೆಂಪು ಕಾರ್ಡನ್ನು ಜೇಬಿನಿಂದ ತೆಗೆಯುವುದನ್ನೂ ನಾಲ್ಕಾರು ಸಲ ರೂಢಿ ಮಾಡಿಕೊಂಡೆ.

ಲೀಗಿನಲ್ಲಿ ನಾಲ್ಕು ತಂಡಗಳು. ಸಾವ್ಕಾರರು ಲೀಗಿನ ಅಧ್ಯಕ್ಷರು. ಒಂದು ತಂಡದ ಮಾಲೀಕರೂ ಅವರೇ. ಹೀಗೆ ಎರಡೂ ಆಗುವುದು ಸರಿಯೇ ಎಂದು ಕೇಳಿದ್ದಕ್ಕೆ, “ಎರಡೂ ಕಡೆ ನಾನ ಇದ್ರ ಜಗಳ ಬರೂದಿಲ್ಲಲ್ರಿ,” ಎಂದರು. ಆ ಮಾತಿಗೆ ಸಮಿತಿಯವರೆಲ್ಲ ತಲೆದೂಗಿದರು. ಸಮಿತಿಯಲ್ಲಿ ಬಹುಪಾಲು ಅವರ ಬೀಗರೇ ಇದ್ದರು.

ಆಟಗಾರರ ಹರಾಜು ನಡೆದದ್ದು ಕೇಶ್ವಾಪುರದ ಒಂದು ಕಲ್ಯಾಣ ಮಂಟಪದಲ್ಲಿ. ಹುಡುಗರನ್ನೆಲ್ಲ ತಲೆ ಬಾಚಿಸಿ ಸಾಲಾಗಿ ಕೂರಿಸಿದ್ದರು, ಕನ್ಯೆ ನೋಡಲು ಬಂದವರ ಮುಂದೆ ಕೂರಿಸಿದ ಹಾಗೆ. ಹತ್ತಿಯ ಲಿಲಾವು ಮಾಡಿ ಪಳಗಿದ ಸಾವ್ಕಾರರು ಒಬ್ಬೊಬ್ಬರ ತೊಡೆಯನ್ನೂ ಮುಟ್ಟಿ ನೋಡುವುದೊಂದು ಬಾಕಿ. ಆದರೂ ಒಳ್ಳೆಯ ಮಾಲು ಯಾವುದೆಂದು ಅವರ ಕಣ್ಣಿಗೆ ತಪ್ಪಲಿಲ್ಲ. ಹಳೇ ಹುಬ್ಬಳ್ಳಿಯ ಒಬ್ಬ ವೆಲ್ಡರ್ ಇದ್ದ. ಮುಂಗೈ ತುಂಬ ಕಿಡಿ ಬಿದ್ದ ಕಲೆಗಳು, ಮಾತು ಕಡಿಮೆ. ಚೆಂಡು ಅವನ ಕಾಲಿಗೆ ಸಿಕ್ಕರೆ ಮಾತ್ರ ನಾವೆಲ್ಲ ಮಾತು ನಿಲ್ಲಿಸಿ ನೋಡುತ್ತಿದ್ದೆವು. ಅವನನ್ನು ಸಾವ್ಕಾರರೇ ಹಿಡಿದರು.

ಇದನ್ನು ಕಂಡು ಇನ್ನೊಂದು ತಂಡದ ಮಾಲೀಕರಾದ ಟೈಲ್ಸ್ ಅಂಗಡಿಯವರಿಗೆ ಹೊಟ್ಟೆಯುರಿಯಿತು. ತಮಗೊಬ್ಬ ವಿದೇಶಿ ಆಟಗಾರ ಬೇಕೇ ಬೇಕು ಎಂದರು. ಹಿಂದಿನ ಸಾಲಿನಲ್ಲಿ ಆಫ್ರಿಕಾದ ಒಬ್ಬ ವಿದ್ಯಾರ್ಥಿ ಕುಳಿತಿದ್ದ. ಧಾರವಾಡದ ಕೃಷಿ ಕಾಲೇಜಿನಲ್ಲಿ ಬೀಜಗಳ ಬಗ್ಗೆ ಓದುತ್ತಿದ್ದವನು. ಗೆಳೆಯರ ಜೊತೆ ಸುಮ್ಮನೆ ತಮಾಷೆ ನೋಡಲು ಬಂದಿದ್ದ. ಟೈಲ್ಸಿನವರು ನೇರ ಹೋಗಿ ಅವನಿಗೆ ಶಾಲು ಹೊದಿಸಿದರು.

ಅವನು ಗಾಬರಿಯಾಗಿ ಎದ್ದು ನಿಂತು, “ಅಣ್ಣಾರ, ನನಗ ಫುಟ್‌ಬಾಲ್ ಬರೂದಿಲ್ರಿ. ನಾ ಚೆಸ್ ಆಡಾಂವ,” ಎಂದ.

“ನೋಡ್ರಿ, ಎಷ್ಟು ವಿನಯ!” ಎಂದು ಟೈಲ್ಸಿನವರು ಕೂಗಿದರು. ಮಂಟಪದ ತುಂಬ ಚಪ್ಪಾಳೆ. ಧಾರವಾಡದ ಕನ್ನಡವನ್ನು ಅಷ್ಟು ಚೆನ್ನಾಗಿ ಕಲಿತ ಹುಡುಗನ ಮಾತಿನ ಅರ್ಥ ಮಾತ್ರ ಯಾರ ಕಿವಿಗೂ ಬೀಳಲಿಲ್ಲ. ಅವನ ಬಣ್ಣ ನೋಡಿಯೇ ಅವರು ಅವನ ಆಟ ತೀರ್ಮಾನ ಮಾಡಿದ್ದರು. ಹೊರಗೆ ಬಂದಾಗ ಅವನು ನನ್ನನ್ನು ಕೇಳಿದ್ದು ಒಂದೇ: “ಮೇಡಂ, ಇದರ ರೂಲ್ಸ್ ಪುಸ್ತಕ ಐತೇನ್ರಿ?” ಕೊಟ್ಟೆ. ಪರೀಕ್ಷೆಗೆ ಓದುವವನ ಹಾಗೆ ಅಡಿಗೆರೆ ಎಳೆದು ಓದಿದ. ಇಡೀ ಲೀಗಿನಲ್ಲಿ ಆ ಪುಸ್ತಕ ಓದಿದವರು ನಾವಿಬ್ಬರೇ ಎಂದು ಈಗಲೂ ಧೈರ್ಯವಾಗಿ ಹೇಳಬಲ್ಲೆ. ಟೈಲ್ಸಿನವರು ಅವನನ್ನು ಗೋಲ್‌ಕೀಪರ್ ಮಾಡಿದರು, ಎತ್ತರ ಇದ್ದಾನೆ ಎಂಬ ಕಾರಣಕ್ಕೆ.

ಮೊದಲ ಪಂದ್ಯ ಸಾವ್ಕಾರರ ತಂಡಕ್ಕೂ ಟೈಲ್ಸಿನವರ ತಂಡಕ್ಕೂ, ಭಾನುವಾರ ಬೆಳಿಗ್ಗೆ ಎಂಟಕ್ಕೆ ಎಂದು ಸಾರಿದ್ದರು. ಹನ್ನೊಂದರವರೆಗೆ ಭಾಷಣಗಳು ನಡೆದವು. ಮಾತಾಡಿದವರಲ್ಲಿ ಇಬ್ಬರು ಕ್ರಿಕೆಟ್ಟನ್ನು ಹೊಗಳಿದರು, ಒಬ್ಬರು ಕಬಡ್ಡಿಯನ್ನು. ಆಟಗಾರರು ಬಿಸಿಲಿನಲ್ಲಿ ಸಾಲಾಗಿ ನಿಂತೇ ಇದ್ದರು. ನಾನು ಸೀಟಿ ಊದುವ ಹೊತ್ತಿಗೆ ಅರ್ಧ ಜನಕ್ಕೆ ಓಡುವ ಶಕ್ತಿ ಉಳಿದಿರಲಿಲ್ಲ.

ದ್ವಿತೀಯಾರ್ಧದಲ್ಲಿ ಸಾವ್ಕಾರರ ತಂಡದವರು ವೆಲ್ಡರ್‌ನಿಗೆ ಚೆಂಡು ಕೊಟ್ಟರು. ಚೆಂಡು ಬರುವ ಮೊದಲೇ ಅವನು ಎದುರಾಳಿಗಳ ಕೊನೆಯ ಡಿಫೆಂಡರ್‌ನನ್ನೂ ದಾಟಿ ಮುಂದೆ ನಿಂತಿದ್ದ. ಒದ್ದ; ನಮ್ಮ ಬೀಜ ವಿಜ್ಞಾನಿ ಎಡಕ್ಕೆ ಹಾರಿದ, ಚೆಂಡು ಬಲಕ್ಕೆ ಹೋಯಿತು. ಮೈದಾನದ ತುಂಬ ಪಟಾಕಿ. ನಾನು ಸೀಟಿ ಊದಿ ಕೈ ಎತ್ತಿದೆ. ಆಫ್‌ಸೈಡ್, ಗೋಲ್ ಇಲ್ಲ.

ಸಾವ್ಕಾರರು ಶಾಮಿಯಾನದ ಕೆಳಗಿನ ಸೋಫಾದಿಂದ ಎದ್ದರು. ಕೊರಳಿನ ಮಾಲೆಯನ್ನೂ ತೆಗೆಯದೆ ನೇರ ಮೈದಾನದ ನಡುವೆ ಬಂದು ನಿಂತರು.

“ಅಕ್ಕಾರ, ಏನಿದು? ಹುಡುಗ ಒಂದ ಹೆಜ್ಜಿ ಮುಂದ ಇದ್ರ ಏನಾತ್ರಿ? ಮುಂದ ಬರಬಾರದೇನು ನಮ್ಮ ಹುಡುಗ್ರು?”

“ನಿಯಮ ಹಂಗೈತ್ರಿ. ನೀವು ಹೊರಗ ನಡೀರಿ.”

“ಲೀಗ್ ನಂದು, ಚೆಂಡು ನಂದು. ನಿಮ್ಮ ಸೀಟಿನೂ ನಂದ,” ಎಂದು ಸಾವ್ಕಾರರು ಬೆರಳೆತ್ತಿದರು.

ಸೀಟಿ ನನ್ನದೇ ರೊಕ್ಕದ್ದು. ಆ ಮಾತು ನನಗೆ ನಾಟಿತು. ಅಷ್ಟರಲ್ಲಿ ವೆಲ್ಡರ್ ಹತ್ತಿರ ಬಂದು ಮೆಲ್ಲಗೆ ಹೇಳಿದ: “ಸಾವ್ಕಾರ್ರ, ನಾ ಮುಂದ ಇದ್ದೆರಿ. ಮೇಡಂ ಹೇಳೂದು ಖರೇ ಐತಿ.”

“ನೀ ಯಾರ ಕಡೀಯವ ಲೇ?”

“ನಿಮ್ಮ ಕಡೀಯವನರಿ. ಆದ್ರ ಮುಂದ ಇದ್ದೆ.”

ನಾನು ಜೇಬಿಗೆ ಕೈ ಹಾಕಿದೆ. ಕನ್ನಡಿಯ ಮುಂದೆ ಮಾಡಿದಷ್ಟು ಚೆಂದವಾಗಿ ಬರಲಿಲ್ಲ. ಕಾರ್ಡು ಜೇಬಿನ ದಾರಕ್ಕೆ ಸಿಕ್ಕಿಕೊಂಡಿತು. ಎಳೆದು ತೆಗೆದು ಲೀಗಿನ ಅಧ್ಯಕ್ಷರ ಮುಖದ ಮುಂದೆ ಹಿಡಿದೆ. ಜನ ನಕ್ಕ ನಗೆಗೆ ಶಾಮಿಯಾನದ ಮೇಲಿನ ಕಾಗೆಗಳು ಹಾರಿಹೋದವು.

ಮರುದಿನ ಸಾವ್ಕಾರರ ಅಡತಿ ಅಂಗಡಿಯಲ್ಲಿ ಸಭೆ. ಹತ್ತಿ ತುಂಬಿದ ಅಂಡಿಗೆಗಳ ನಡುವೆ ಕುಳಿತು ಸಮಿತಿಯವರು ನಾನು ಕ್ಷಮೆ ಕೇಳಬೇಕು ಎಂದರು. ಕೇಳುವುದಿಲ್ಲ ಎಂದೆ. ಹಾಗಾದರೆ ಬೇರೆ ರೆಫರಿಯನ್ನು ತರುತ್ತೇವೆ ಎಂದರು. ಅದೇ ಹೊತ್ತಿಗೆ ನಾಲ್ಕೂ ತಂಡದ ಆಟಗಾರರು ಒಳಗೆ ಬಂದರು. ವೆಲ್ಡರ್ ಬಾಗಿಲ ಬಳಿಯೇ ನಿಂತು, “ಮೇಡಂ ಇಲ್ಲಂದ್ರ ನಾವು ಆಡೂದಿಲ್ರಿ,” ಎಂದ. ಬೀಜ ವಿಜ್ಞಾನಿ ಪುಸ್ತಕ ಬಿಚ್ಚಿ, ಅಡಿಗೆರೆ ಹಾಕಿದ ಸಾಲನ್ನು ಓದಿ ಅರ್ಥ ಹೇಳಿದ: ತಂಡದ ಅಧಿಕಾರಿಗಳಿಗೂ ಕೆಂಪು ಕಾರ್ಡು ತೋರಿಸಬಹುದು. “ತಂಡದ ಪಟ್ಟಿಯೊಳಗ ಮ್ಯಾನೇಜರ್ ಅಂತ ನಿಮ್ಮ ಹೆಸರ ನೀವ ಬರದೀರಿ, ಸಾವ್ಕಾರ್ರ,” ಎಂದು ಪಟ್ಟಿಯನ್ನೂ ಮುಂದಿಟ್ಟ.

ಸಾವ್ಕಾರರು ಪಟ್ಟಿಯನ್ನು ಕೈಗೆತ್ತಿಕೊಂಡು ನೋಡಿದರು. ಆಮೇಲೆ ಕೇಳಿದರು: “ದೊಡ್ಡ ದೊಡ್ಡ ಆಟಗಾರ್ರಿಗೂ ಇದ ಕಾರ್ಡ ಕೊಡ್ತಾರೇನು?”

“ಇದ ರಿ,” ಎಂದ ಬೀಜ ವಿಜ್ಞಾನಿ.

“ಟೀವಿಯೊಳಗ ಬರೋರಿಗೂ?”

“ಅವ್ರಿಗೂ ರಿ.”

ಅವರ ಮುಖ ಅರಳಿತು. ಅಂದಿನ ಪೇಪರಿನಲ್ಲಿ ಫೋಟೋ ಬಂದಿತ್ತು, ನನ್ನದಲ್ಲ. ಬೆರಳೆತ್ತಿ ನಿಂತ ಅವರದು. ಒಂದು ಪಂದ್ಯ ಹೊರಗೆ ಕೂರುವ ಶಿಕ್ಷೆಯನ್ನು ಪ್ರಶಸ್ತಿ ಬಂದಷ್ಟು ಸಂತೋಷದಿಂದ ಒಪ್ಪಿಕೊಂಡರು.

ಲೀಗ್ ಬೆಳೆದದ್ದು ಆಮೇಲೆಯೇ. ಮುಂದಿನ ಭಾನುವಾರ ಮೈದಾನದಲ್ಲಿ ಕಾಲಿಡಲು ಜಾಗವಿರಲಿಲ್ಲ. ಇವತ್ತು ಯಾವ ಸಾವ್ಕಾರರು ಹೊರಗೆ ಹೋಗುತ್ತಾರೆ ಎಂದು ನೋಡಲು ಬಂದವರು, ಮಾಡಲು ಬೇರೆ ಕೆಲಸವಿಲ್ಲದೆ, ಆಟವನ್ನೂ ನೋಡಿದರು. ಎರಡನೆಯ ವರ್ಷ ತಂಡಗಳು ಆರಾದವು. ಆಟಗಾರರು ಒಟ್ಟಾಗಿ ಕೂತು ಕೇಳಿದ ಮೇಲೆ ಪಗಾರವೂ ಬರತೊಡಗಿತು. ಬೀಜ ವಿಜ್ಞಾನಿ ಪದವಿ ಮುಗಿಸಿ ಊರಿಗೆ ಹೋದ. ಹೋಗುವ ಮುನ್ನ ಎರಡು ಪಂದ್ಯಗಳಲ್ಲಿ ನಿಜವಾಗಿಯೂ ಚೆಂಡು ಹಿಡಿದ. ಟೈಲ್ಸಿನವರು ತಾವು ಮೊದಲೇ ಗುರುತಿಸಿದ್ದಾಗಿ ಈಗಲೂ ಹೇಳಿಕೊಳ್ಳುತ್ತಾರೆ.

ಮೂರನೆಯ ವರ್ಷ ಕೇರಳದ ಒಂದು ಕ್ಲಬ್ಬಿನವರು ಬಂದು ವೆಲ್ಡರ್‌ನನ್ನು ಆರಿಸಿದರು. ಸಮಿತಿಯವರು ಊರ ತುಂಬ ಅಭಿನಂದನೆಯ ಫ್ಲೆಕ್ಸ್ ಕಟ್ಟಿಸಿದರು. ಅವನು ಹೊರಡುವ ದಿನ ಬಸ್ ಸ್ಟ್ಯಾಂಡಿಗೆ ಹೋದೆ. ಅವನ ತಾಯಿ ಅಲ್ಲಿನ ಫ್ಲೆಕ್ಸಿನ ಕೆಳಗೆ ಕತ್ತೆತ್ತಿ ನಿಂತಿದ್ದರು. ಸಮಿತಿಯ ಹನ್ನೊಂದು ಮುಖಗಳು, ನಡುವೆ ಸಾವ್ಕಾರರು ಆಳೆತ್ತರಕ್ಕೆ. ಮಗ ಕೆಳಗಿನ ಮೂಲೆಯಲ್ಲಿ, ಅಂಚೆ ಚೀಟಿಯಷ್ಟು.

“ಇವ್ರೆಲ್ಲಾರೂ ನಿನ್ನ ಜೋಡಿ ಹೊಂಟಾರೇನೋ?” ಎಂದು ತಾಯಿ ಕೇಳಿದರು.

“ಇಲ್ಲಬೇ, ನಾ ಒಬ್ಬನ.”

“ಛಲೋ ಆತು,” ಎಂದು ಆಕೆ ರೊಟ್ಟಿಯ ಗಂಟನ್ನು ಅವನ ಕೈಗಿಟ್ಟರು.