ಕೆಸರು ಬೆರಳಿನ ಹನ್ನೊಂದು ಗೀಟು

ನಾಲ್ಕು ವರ್ಷದ ಹಿಂದೆ ನಾನು ಗಂಗಾವತಿ ತಾಲ್ಲೂಕಿನ ಒಂದು ಅಂಚೆ ಕಚೇರಿಯಲ್ಲಿ ಪೋಸ್ಟಲ್ ಅಸಿಸ್ಟೆಂಟ್. ಮುದ್ರೆ ಒತ್ತುವುದರಲ್ಲಿ ಕೈ ನಿಧಾನ, ಮೇಲಧಿಕಾರಿಗಳ ದನಿ ಅಣಕಿಸುವುದರಲ್ಲಿ ಗಂಟಲು ಚುರುಕು. ನನ್ನ ಸ್ವಂತ ದನಿ ಮಾತ್ರ ಹೆದರಿದ ಕೋಳಿಮರಿಯದು ಎಂದು ತಳಕಲ್‌ನಲ್ಲಿರುವ ನಮ್ಮವ್ವನೇ ಹೇಳುತ್ತಾಳೆ.

ಒಂದು ದಿನ ಖಾಜಾಸಾಬ್ ಚಾಚಾ ಆರೋಪಪಟ್ಟಿ ಹಿಡಿದು ಬಂದರು. ಮೂವತ್ತೊಂದು ವರ್ಷ ಸೈಕಲ್ ಮೇಲೆ ಕಾಲುವೆ ಬದಿಯ ಕ್ಯಾಂಪು ಎಂಬ ಸಣ್ಣ ಊರುಗಳಿಗೆ ಟಪಾಲು ಮುಟ್ಟಿಸಿದ ಗ್ರಾಮೀಣ ಡಾಕ್ ಸೇವಕರು ಅವರು. ಆರೋಪ ಇಷ್ಟು: ಭತ್ತದ ನಾಟಿಯ ಒಂದು ದಿನ ಹನ್ನೊಂದು ರಿಜಿಸ್ಟರ್ಡ್ ಪತ್ರ ಬಟವಾಡೆಯಾಗಿವೆ. ಬಟವಾಡೆ ಎಲ್ಲಿ ಆಯಿತೆಂದು ಇಲಾಖೆಯ ಮೊಬೈಲು ತಾನೇ ದಾಖಲಿಸುತ್ತದೆ. ಹನ್ನೊಂದಕ್ಕೂ ಒಂದೇ ಜಾಗ, ಕಾಲುವೆ ದಂಡೆ. ಪತ್ರ ಪಡೆದವರು ಮೊಬೈಲಿನ ಮೇಲೆ ಬೆರಳಿನಿಂದ ಮಾಡಬೇಕಾದ ಸಹಿಯ ಜಾಗದಲ್ಲಿ ಹನ್ನೊಂದು ಸೊಟ್ಟ ಗೀಟು. ಮನೆಗಳಿಗೆ ಹೋಗದೆ, ದಂಡೆಯ ಮೇಲೆ ಕೂತು ತಾವೇ ಗೀಟೆಳೆದಿದ್ದಾರೆ ಎಂಬುದು ಇಲಾಖೆಯ ವಾದ. ಆಗಲೇ ಅವರನ್ನು ‘ಪುಟ್ ಆಫ್ ಡ್ಯೂಟಿ’ ಮಾಡಿದ್ದರು, ಎಂದರೆ ವಿಚಾರಣೆ ಮುಗಿಯುವವರೆಗೆ ಕೆಲಸದಿಂದ ದೂರ. ಆರೋಪ ಸಾಬೀತಾದರೆ ನೌಕರಿಯೇ ಇಲ್ಲ.

ಆರೋಪಿಯ ಪರ ಮಾತಾಡಲು ಒಬ್ಬ ಸಹೋದ್ಯೋಗಿಗೆ ಅವಕಾಶವಿದೆ. ಅವನನ್ನು ಡಿಫೆನ್ಸ್ ಅಸಿಸ್ಟೆಂಟ್ ಎನ್ನುತ್ತಾರೆ.

“ನಾನ್ಯಾಕ, ಚಾಚಾ?”

“ಹಿರ್ಯಾರಿಬ್ರು ಒಲ್ಲೆ ಅಂದ್ರು. ನಿನಗ ಮಾತರೆ ಬರತೈತಿ. ಯಾರ ದನಿಯಾಗರೆ ಆಡು, ನನ್ನ ಪರ ಆಡು.”

“ಖರೇ ಹೇಳ್ರಿ, ಗೀಟು ಯಾರು ಎಳದದ್ದು?”

“ಪತ್ರ ತಗೊಂಡವರ ಎಳದಾರಪ್ಪ. ನಾಟಿ ದಿನ ಮನಿಗೆಲ್ಲ ಬೀಗ. ಬುತ್ತಿ ಬಿಚ್ಚೋ ಹೊತ್ತಿಗೆ ದಂಡಿ ಮ್ಯಾಲ ಎಲ್ಲಾರೂ ಸಿಗ್ತಾರ. ಮೊದಲಿಂದ ಹಂಗ ಕೊಡ್ತೀನಿ.”

ಮೊದಲು ಕಾಗದದ ಮೇಲೆ ಪೆನ್ನಿನ ಸಹಿ. ಮೊಬೈಲು ಬಂದದ್ದು ಆ ವರ್ಷವೇ.

ನಿಜ ಹೇಳಬೇಕೆಂದರೆ, ನಾನೂ ನಂಬಲಿಲ್ಲ. ಪರೀಕ್ಷಿಸಲು ದಂಡೆಗೆ ಹೋದೆ. ಹನ್ನೊಂದು ಮಂದಿಯಲ್ಲಿ ಒಬ್ಬರಾದ ಹನುಮವ್ವ ಗದ್ದೆಯಿಂದ ಎದ್ದು ಬಂದು, ಸೆರಗಿಗೆ ಕೈ ಒರೆಸಿ, ನನ್ನ ಮೊಬೈಲಿನ ಮೇಲೆ ಬೆರಳಾಡಿಸಿದರು. ಸೊಟ್ಟ ಗೀಟು!

“ನಾ ಐದನೇತ್ತ ಕಲ್ತೀನೋ ತಮ್ಮಾ! ಪೆನ್ನು ಕೊಡು, ರಂಗೋಲಿ ಹಾಕಿದಂಗ ಬರೀತೀನಿ. ಮುಂಜಾನಿಂದ ನೀರಾಗ ನೆಂದ ಬೆರಳಿಗೆ ಈ ಗಾಜು ಜಾರತೈತಿ.”

ವಿಚಾರಣೆಯ ದಿನ ಕುಷ್ಟಗಿ ಕಡೆಯವರಾದ ವಿಚಾರಣಾಧಿಕಾರಿ ಬರಬೇಕಿತ್ತು. ಮೂರು ಸಲ ಕೆಮ್ಮಿ, “ನಿಯಮ ಏನ್ ಹೇಳತೈತಿ?” ಎನ್ನುವುದು ಅವರ ಪದ್ಧತಿ. ಚಾಚಾಗೆ ಧೈರ್ಯ ತುಂಬಲು ವರಾಂಡದಲ್ಲಿ ನಾನು ಅದನ್ನೇ ಮಾಡಿ ತೋರಿಸುತ್ತಿದ್ದೆ. ಚಾಚಾ ನಗಲಿಲ್ಲ, ನನ್ನ ಬೆನ್ನ ಹಿಂದೆ ನೋಡುತ್ತಿದ್ದರು.

“ಮೂರನೇ ಕೆಮ್ಮು ಸಣ್ಣದಾತು,” ಎಂದು ಹೇಳಿ, ಹಿಂದೆ ಬಂದು ನಿಂತಿದ್ದ ವಿಚಾರಣಾಧಿಕಾರಿ ಸಾಹೇಬರು ಒಳಗೆ ಹೋದರು. ಚಾಚಾನ ನೌಕರಿಗೆ ನನ್ನ ಗಂಟಲೇ ಮುಳುವಾಯಿತು ಅಂದುಕೊಂಡೆ.

ಹನ್ನೊಂದು ಮಂದಿಯೂ ಕೂಲಿ ಬಿಟ್ಟು ಬಂದಿದ್ದರು. “ಪತ್ರ ಮುಟ್ಟ್ಯಾವ್ರಿ,” ಎಂದು ಒಬ್ಬೊಬ್ಬರಾಗಿ ಹೇಳಿದರು. ಇಲಾಖೆಯ ಪರ ವಾದಿಸುವ ಪ್ರೆಸೆಂಟಿಂಗ್ ಆಫೀಸರ್ ಒಪ್ಪಲಿಲ್ಲ. “ಹೇಳಿಕೊಟ್ಟ ಮಾತು ಸರ್. ಗೀಟು ಎಲ್ಲಾ ಒಂದ ಕೈಯವು.”

ನಾನು ಗದ್ದೆಯ ಕೆಸರುನೀರು ತುಂಬಿದ ಬಕೆಟ್ಟನ್ನು ಮೇಜಿನ ಪಕ್ಕ ಇಟ್ಟೆ. ಆ ಹೊತ್ತಿಗೆ ಬಾಯಿಂದ ಬಂದದ್ದು ಕೋಳಿಮರಿಯ ದನಿಯೇ. “ಸರ್, ನೀವ ಒಂದ್ಸಲ ಸಹಿ ಹಾಕಿ ನೋಡ್ರಿ.”

ಸಾಹೇಬರು ನನ್ನನ್ನು ದಿಟ್ಟಿಸಿದರು. ಅಂಗಿಯ ತೋಳು ಮಡಚಿ ಬಕೆಟ್ಟಿನಲ್ಲಿ ಕೈ ಅದ್ದಿದರು. ಸ್ವಲ್ಪ ಹೊತ್ತು ಬಿಟ್ಟು ತೆಗೆದು, ಕರವಸ್ತ್ರದಿಂದ ಒರೆಸಿಕೊಂಡು ಮೊಬೈಲಿನ ಮೇಲೆ ಸಹಿ ಮಾಡಿದರು. ಸೊಟ್ಟ ಗೀಟು. ಅಳಿಸಿ ಮತ್ತೆ ಮಾಡಿದರು. ಅದರ ತಮ್ಮ.

“ಸಾಹೇಬ್ರ, ನೀವೂ ಐದನೇತ್ತನ ಏನ್ರಿ?” ಎಂದರು ಹನುಮವ್ವ.

ಮೊದಲು ನಕ್ಕವರು ಸಾಹೇಬರೇ.

ಆರೋಪ ಬಿದ್ದುಹೋಯಿತು. ಚಾಚಾ ಮತ್ತೆ ಸೈಕಲ್ ಏರಿದರು. ನಾಟಿಯ ದಿನಗಳಲ್ಲಿ ಕಾಗದದ ಮೇಲೂ ಸಹಿ ಪಡೆಯಲು ಅನುಮತಿ ಬಂತು. ಮನುಷ್ಯ ಎಲ್ಲಿ ನಿಂತಿದ್ದ ಎಂಬುದನ್ನು ಯಂತ್ರ ಹೇಳುತ್ತದೆ. ಯಾಕೆ ನಿಂತಿದ್ದ ಎಂದು ತಿಳಿಯಬೇಕಾದರೆ ನಾವೇ ಅಲ್ಲಿಗೆ ಹೋಗಿ ಕಾಲು ಕೆಸರು ಮಾಡಿಕೊಳ್ಳಬೇಕು. ನೌಕರಿ ನನಗೆ ಕಲಿಸಿದ್ದು ಇದು.

ಮರುವಾರ ಚಾಚಾ ನನಗೇ ಒಂದು ರಿಜಿಸ್ಟರ್ಡ್ ಪತ್ರ ತಂದರು. ಕಚೇರಿ ವರಾಂಡದಲ್ಲಿ ಮೇಲಧಿಕಾರಿಯ ಅಣಕ ಮಾಡಿದ್ದಕ್ಕೆ ಲಿಖಿತ ಎಚ್ಚರಿಕೆ! ನಾನು ಬಾಯಿ ತೆರೆಯುವ ಮೊದಲೇ ಚಾಚಾ ಮೂರು ಸಲ ಕೆಮ್ಮಿದರು. ಮೂರನೆಯದು ಸರಿಯಾದ ಉದ್ದ.

“ನಿಯಮ ಏನ್ ಹೇಳತೈತಿ? ಬೆರಳು ಒಣಗ್ಯಾವಲ್ಲ, ಸಹಿ ಮಾಡು.”