ಸತ್ತಿ ಮಡುವಿನ ಗೆಂಡೆಗಳ ಲಗ್ನ

ಎಂಬತ್ತರ ದಶಕದಲ್ಲಿ ಆರೇಳು ವರ್ಷ ನಾನು ಮೀನುಗಳಿಗೆ ಲಗ್ನ ಮಾಡಿಸುತ್ತಿದ್ದೆ. ನಗಬೇಡಿ, ಅದಕ್ಕೆ ನನಗೆ ಸಂಬಳ ಬರುತ್ತಿತ್ತು. ಅಥಣಿ ಸೀಮೆಯ ಒಂದು ಸಣ್ಣ ಮೀನುಮರಿ ಕೇಂದ್ರ. ನಾಲ್ಕು ಹೊಂಡ, ಒಂದು ತಗಡಿನ ಶೆಡ್ಡು, ಮತ್ತು ತನಗಿಂತ ಜಾಣ ಯಾರೂ ಇಲ್ಲವೆಂದುಕೊಂಡಿದ್ದ ನಾನು. ಕೃಷ್ಣಾ ಹೊಳೆಯಲ್ಲಿ ಗೆಂಡೆ ಮೀನು ಕಡಿಮೆಯಾಗುತ್ತಿವೆ ಎಂದು ಮಳೆಗಾಲದಲ್ಲಿ ಅವುಗಳಿಂದ ಮರಿ ಮಾಡಿಸಿ ಹೊಳೆಗೆ ಬಿಡುವುದು ನನ್ನ ಕೆಲಸ. ಸಂತೆಗೆ ಹೋದರೆ ಸಾಕು, "ಏನ್ರೀ ಭಟ್ರ, ಈ ವರ್ಷ ಎಷ್ಟು ಲಗ್ನಾ ಹಚ್ಚೀರಿ?" ಎಂದು ಮಂದಿ ಕಾಡುತ್ತಿದ್ದರು. ನನಗೋ ಸಿಟ್ಟು ಮೂಗಿನ ತುದಿಯಲ್ಲಿ. ಎಲ್ಲರಿಗೂ ಬೈದು, ಕೊಂಡ ಕಾಯಿಪಲ್ಲೆಯನ್ನು ಅಲ್ಲೇ ಮರೆತು ಬರುತ್ತಿದ್ದೆ.

ಭಟ್ಟನೆಂಬುದು ಬರೀ ಚೇಷ್ಟೆಯ ಹೆಸರು, ನಮ್ಮದು ಕುರಿ ಕಾಯುವ ಮನೆತನ. ಚೆಲುವಾದ ಪ್ರಾಣಿ ಕಂಡರೆ ಕಣ್ಣು ಕೀಳಲು ಆಗುವುದಿಲ್ಲ. ಮೊದಲ ವರ್ಷ ನನಗೆ ಒಂದು ಜೋಡಿ ಸಿಕ್ಕಿತ್ತು: ಕೆಂಪು ರೆಕ್ಕೆಯ ಮೈತುಂಬಿದ ಹೆಣ್ಣು, ಅದಕ್ಕೆ ಒಪ್ಪುವ ಗಂಡು. ಅವುಗಳ ಮರಿಗಳಲ್ಲೇ ಚಂದದವನ್ನು ಆರಿಸಿ ಬೆಳೆಸಿದೆ, ಬೆಳೆದ ಮೇಲೆ ಅವುಗಳೊಳಗೇ ಲಗ್ನ ಮಾಡಿಸಿದೆ. ಮನೆಯಲ್ಲೇ ಇಷ್ಟು ಚೆಲುವು ಇರುವಾಗ ಹೊಳೆಗೆ ಹೋಗಿ ಬೇರೆ ಮೀನು ಹಿಡಿದು ತರುವ ಉಸಾಬರಿ ಯಾರಿಗೆ ಬೇಕು? ಹೀಗೆ ವರ್ಷ ವರ್ಷ ಒಂದೇ ಮನೆತನದ ಮರಿಗಳನ್ನು ಸಾವಿರಗಟ್ಟಲೆ ಹೊಳೆಗೆ ಸುರಿದು ಮೀಸೆ ತಿರುವಿದೆ.

ಒಂದು ಬೇಸಿಗೆಯಲ್ಲಿ ಸೈಕಲ್ಲಿನ ಹ್ಯಾಂಡಲ್ಲಿಗೆ ಕೊಡ ಕಟ್ಟಿಕೊಂಡು ಒಬ್ಬ ಮುದುಕರು ಬಂದರು. ಸತ್ತಿ ಊರಿನ ಜೈನ ರೈತರು. ಅವರ ಹೊಲದ ದಂಡೆಗೆ ಹೊಳೆಯಲ್ಲಿ ಒಂದು ಆಳವಾದ ಮಡು ಇತ್ತು. ದಿನಾ ಬೆಳಿಗ್ಗೆ ಬಸದಿಗೆ ಹೋಗಿ ಬಂದು ಅಲ್ಲಿಯ ಮೀನಿಗೆ ಚುರುಮರಿ ಹಾಕುತ್ತಿದ್ದರು. ಆ ಮಡುವಿನಲ್ಲಿ ಯಾರೂ ಬಲೆ ಹಾಕುತ್ತಿರಲಿಲ್ಲ. ಕಾಯಿದೆಯೇನೂ ಇರಲಿಲ್ಲ, ಅವರ ಮುಖ ನೋಡಿ ಸುಮ್ಮನಿರುತ್ತಿದ್ದರು. ಕೊಡದಿಂದ ಒಂದು ಮೀನು ತೆಗೆದು ನನ್ನ ಬುಟ್ಟಿಗೆ ಬಿಟ್ಟರು.

"ತಮ್ಮಾ, ಇದು ನಿಮ್ದ ಏನು ನೋಡು."

"ಕಾಕಾರ, ಮೀನಿನ ಮ್ಯಾಲ ಹೆಸರು ಬರದಿರತೈತೇನ್ರಿ?"

"ಹೆಸರು ಯಾಕ ಬೇಕು, ಬಾಲ ನೋಡು. ಸೊಟ್ಟ ಐತಿ. ನಮ್ಮ ಮಡುವಿನ ಗೆಂಡಿ ಹಿಂಗ ಇರಂಗಿಲ್ಲ. ನೀವು ಮರಿ ಬಿಡಾಕ ಚಾಲೂ ಮಾಡಿದ ಮ್ಯಾಲ ಇವು ಬಂದಾವ. ಚುರುಮರಿ ಹಾಕಿದ್ರ ಇವು ಬಂದು ಮುಟ್ಟೂದ್ರಾಗ ಬ್ಯಾರೇವು ತಿಂದು ಹೋಗಿರತಾವ. ಹುಟ್ಟಿಸಿ ನರಳಸೂದು ಹಿಂಸಾ ಅಲ್ಲೇನು? ಇನ್ನ ನಾಕ ವರ್ಷಕ್ಕ ಇವೂ ಅವೂ ಕೂಡಿ ನಮ್ಮ ಮಡುವಿನ್ಯಾಗ ಎಲ್ಲಾ ಸೊಟ್ಟನ ಹುಟ್ಟತಾವ."

ಮನೆಗೆ ಹೋಗಿ ಅಪ್ಪನ ಮುಂದೆ ಗೊಣಗಿದೆ. ಅಪ್ಪ ಕಂಬಳಿ ಝಾಡಿಸುತ್ತ ಕೇಳಿದ, "ಟಗರ ಬದ್ಲಿ ಮಾಡಿದ್ಯಾ ಇಲ್ಲೋ?"

"ಅವು ಮೀನು, ಅಪ್ಪಾ."

"ಮೀನಿಗೆ ಅಪ್ಪ ಅವ್ವ ಇರಂಗಿಲ್ಲೇನಲೇ? ಎಷ್ಟ ಚೆಲುವ ಟಗರ ಇದ್ರೂ ಎರಡ ವರ್ಷಕ್ಕ ಬ್ಯಾರೆ ಹಿಂಡಿಗೆ ಕೊಟ್ಟು ಅವರದು ತರತೀನಿ. ಇಲ್ಲಂದ್ರ ಮರಿ ಕಾಲ ಸೊಟ್ಟ ಹುಟ್ಟತಾವ. ನಿನಗ ಸಾಲಿ ಕಲಿಸಿ ನಾನ ಕೆಡಿಸೀನಿ ನೋಡು!"

ತರಬೇತಿಯಲ್ಲಿಯೂ ಇದನ್ನೇ ಹೇಳಿದ್ದರು. ಹೊಳೆಯಿಂದ ಹೊಸ ಮೀನು ತನ್ನಿ, ಒಂದೇ ರಕ್ತ ಬೇಡ, ಜೋಡಿ ಹೆಚ್ಚಿರಲಿ. ಆಗ ಮಧ್ಯಾಹ್ನದ ಊಟ ಭರ್ಜರಿಯಾಗಿ ನಾನು ತೂಕಡಿಸುತ್ತಿದ್ದೆ.

ಹೊಸ ರಕ್ತ ಬೇಕೆಂದರೆ ಶುದ್ಧ ಹೊಳೆಯ ಗೆಂಡೆ ಬೇಕು. ಅದು ಉಳಿದದ್ದು ಆ ಮಡುವಿನಲ್ಲಿ. ಮಳೆಗಾಲದ ಹೊತ್ತಿಗೆ ಮುಖ ಸಣ್ಣದು ಮಾಡಿಕೊಂಡು ಸತ್ತಿಗೆ ಹೋದೆ. ಹತ್ತು ಹೆಣ್ಣು, ಹತ್ತು ಗಂಡು ಕೊಡಿ, ಕೆಲಸ ಮುಗಿದ ಮೇಲೆ ತಂದು ಬಿಡುತ್ತೇನೆ ಎಂದು ಕೇಳಿದೆ. ಕಾಕಾ ನನ್ನನ್ನು ಮಡುವಿನ ದಂಡೆಗೆ ಕರೆದೊಯ್ದರು.

"ಒಯ್ಯಿ. ಆದ್ರ ಈ ಕೆಲಸದಾಗ ಒಂದ ಜೀವಾನೂ ಹೋಗಬಾರ್ದು. ಮಾತು ಕೊಡತೀಯೇನು?"

ಕೊಟ್ಟೆ. ಕೊಡುವಾಗಲೇ ಅದು ಸುಳ್ಳೆಂದು ಗೊತ್ತಿತ್ತು. ಗೆಂಡೆ ಹೊಂಡದಲ್ಲಿ ತಾನಾಗಿ ಮೊಟ್ಟೆ ಇಡುವುದಿಲ್ಲ, ಸೂಜಿ ಚುಚ್ಚಬೇಕು. ಆಗಿನ ಕಾಲಕ್ಕೆ ಆ ಸೂಜಿಯ ಔಷಧ ಬರುತ್ತಿದ್ದುದು ಬೇರೆ ಮೀನಿನ ತಲೆಯೊಳಗಿಂದ. ತಲೆ ಒಡೆದು, ಮಿದುಳಿನ ಕೆಳಗಿರುವ ಸಾಸಿವೆಯಷ್ಟು ಗ್ರಂಥಿ ತೆಗೆದು ಅರೆಯಬೇಕು. ಇದನ್ನು ಹೇಳಿದರೆ ಮೀನು ಸಿಗುವುದಿಲ್ಲ. ನುಂಗಿಕೊಂಡೆ.

ಮೀನು ಹಿಡಿದ ಸಂಭ್ರಮ ಏನು ಹೇಳಲಿ! ಬಲೆ ತಾಗಿದರೆ ಮೈ ತರಚುತ್ತದೆ ಎಂದು ಕಾಕಾ ತಮ್ಮ ಎರಡು ಮೆತ್ತನೆಯ ಧೋತರ ಜೋಡಿಸಿ ಹೊಲಿಸಿದ್ದರು. ಅವರು ಚುರುಮರಿ ಚೆಲ್ಲಿ "ಬರ್ರಿ, ಬರ್ರಿ" ಎಂದು ಕರೆಯುವುದು, ನಾನು ಎದೆಮಟ್ಟದ ನೀರಿನಲ್ಲಿ ನಿಂತು ಧೋತರ ಎತ್ತುವುದು. ಮೂರು ಸಲ ನಾನೇ ಅದರಲ್ಲಿ ಸಿಕ್ಕಿಕೊಂಡೆ. ನೀರು ತುಂಬಿದ ಬ್ಯಾರಲ್ಲುಗಳನ್ನು ಟ್ರ್ಯಾಕ್ಟರಿಗೆ ಏರಿಸಿದಾಗ, "ಸಾವಕಾಶ ಹೊಡಿಯೋ, ಒಳಗ ಬಸುರ್ಯಾರು ಅದಾರ" ಎಂದು ಡ್ರೈವರನಿಗೆ ಗದರಿಸುತ್ತ ಕಾಕಾ ಊರ ಗಡಿಯವರೆಗೆ ಸೈಕಲ್ಲಿನಲ್ಲಿ ಬಂದರು.

ಸಂತೆಯಲ್ಲಿ ಮೀನು ಮಾರುವವರಿಂದ ಒಂಬತ್ತು ತಲೆ ತಂದೆ. ಸೂಜಿ ಚುಚ್ಚಿದೆ. ಮರುದಿನ ಬೆಳಿಗ್ಗೆ ನೋಡಿದರೆ ಹೊಂಡದಲ್ಲಿ ಕಟ್ಟಿದ ಬಟ್ಟೆಯ ತುಂಬ ಸಾಬೂದಾಣಿಯಂಥ ಮೊಟ್ಟೆ! ಕೆಲವು ದಿನಗಳಲ್ಲಿ ಮರಿಗಳು ನೆಟ್ಟಗಿನ ಬಾಲ ಹೊಡೆಯುತ್ತ ಓಡಾಡತೊಡಗಿದವು. ನನಗೆ ಕುಣಿಯುವಷ್ಟು ಖುಷಿ.

ಮೀನು ತಿರುಗಿ ಒಯ್ಯಲು ಕಾಕಾ ತಾವೇ ಟ್ರ್ಯಾಕ್ಟರ್ ತಂದರು. ಇಪ್ಪತ್ತೂ ಜೀವಂತವಾಗಿದ್ದವು. ಒಂದೊಂದನ್ನೂ ಮುಟ್ಟಿ ನೋಡಿ, ಮನೆಯಿಂದ ತಂದ ಶೇಂಗಾ ಉಂಡೆ ನನ್ನ ಕೈಗೆ ಕೊಟ್ಟರು. ಆಮೇಲೆ ಅವರ ಕಣ್ಣು ಶೆಡ್ಡಿನ ಹಲಗೆಯ ಮೇಲಿನ ಸೀಸೆಗೆ ಹೋಯಿತು.

"ಇದರಾಗ ಏನೈತಿ?"

ಸುಳ್ಳು ನಾಲಿಗೆಯ ಮೇಲೆ ತಯಾರಿತ್ತು. ಕೈಯಲ್ಲಿ ಉಂಡೆ ಇತ್ತು. ಎಲ್ಲ ಹೇಳಿಬಿಟ್ಟೆ.

"ಎಷ್ಟು ತಲಿ?" ಎಂದರು.

"ಒಂಬತ್ತು. ಸಂತ್ಯಾಗ ಸತ್ತ ಬಿದ್ದಿದ್ದವರಿ, ಕಾಕಾರ. ನಾ ಕೊಂದಿಲ್ಲ."

ಬೈಯಲಿಲ್ಲ. ತಮ್ಮ ಮೀನು ಏರಿಸಿಕೊಂಡು ಹೋದರು. ಬೈದಿದ್ದರೆ ನಾನೂ ಎರಡು ಮಾತು ಆಡಿ ಹಗುರಾಗುತ್ತಿದ್ದೆ.

ಎರಡು ವಾರ ತಡೆದು ಕ್ಷಮೆ ಕೇಳಲು ಅವರ ಮನೆಗೆ ಹೋದೆ. ಕಾಕಾ ಪಡಸಾಲೆಯಲ್ಲಿ ಕಂಬಕ್ಕೆ ಒರಗಿ ಕೂತಿದ್ದರು, ಮುಖ ಇಳಿದಿತ್ತು. ಅವರ ಹೆಂಡತಿ ನನಗೆ ತಾಟು ಹಾಕಿದರು. ರೊಟ್ಟಿ, ಈರುಳ್ಳಿ ಇಲ್ಲದ ಕಡಲೆಹಿಟ್ಟಿನ ಜುಣಕ.

"ಕಾಕೂ, ಕಾಕಾರ ಊಟ?"

"ಅವರದು ಇವತ್ತ ಉಪಾಸ. ಒಂದ ದಿನಾ ಬಿಟ್ಟ ಒಂದ ದಿನಾ, ಕಾಯಿಸಿ ಆರಿಸಿದ ನೀರಷ್ಟ. ಒಂಬತ್ತು ಮಾಡತಾರಂತ, ಏಳು ಆಗ್ಯಾವ. ಯಾಕಂದ್ರ ಹೇಳವೊಲ್ಲರು. ನೀ ಉಣ್ಣು."

ಮುರಿದ ರೊಟ್ಟಿ ತಾಟಿಗೇ ಇಟ್ಟೆ. ಅಳು ಬಂತು, ಮುಚ್ಚಿಡಲೂ ಇಲ್ಲ. "ಪಾಪ ಮಾಡಿದಾಂವ ನಾ ಅಲ್ಲೇನ್ರಿ ಕಾಕಾರ? ನೀವ್ಯಾಕ್ರಿ?"

"ಮೀನ ಕೊಟ್ಟಾಂವ ನಾ ಅಲ್ಲೇನೋ?" ಎಂದರು. "ಉಣ್ಣು. ತಾಟಿನ್ಯಾಗ ಬಿಡಬಾರ್ದು."

ಇನ್ನೆಂದೂ ಆ ಮಡುವಿನ ಮೀನು ಕೇಳುವುದಿಲ್ಲ ಎಂದು ಆಣೆ ಇಟ್ಟುಕೊಂಡು ಬಂದೆ. ಮುಂದಿನ ಮಳೆಗಾಲಕ್ಕೆ ನನ್ನ ಹೊಂಡಗಳನ್ನು ಖಾಲಿ ಇಟ್ಟು, ಮೇಲಿನವರಿಗೆ ಏನೋ ನೆವ ಹೇಳಿದ್ದೆ. ಒಂದು ಬೆಳಿಗ್ಗೆ ಟ್ರ್ಯಾಕ್ಟರ್ ಬಂದು ಬಾಗಿಲಲ್ಲಿ ನಿಂತಿತು. ಬ್ಯಾರಲ್ಲುಗಳ ನಡುವೆ ಕಾಕಾ.

"ಇಳಿಸ್ಕೊ. ಇಪ್ಪತ್ತ ಅದಾವ. ಹ್ವಾದ ವರ್ಷದವು ಅಲ್ಲ, ಬ್ಯಾರೆ."

"ಬ್ಯಾಡ್ರಿ ಕಾಕಾರ. ಸೂಜಿ ಔಷಧ ಇನ್ನೂ ಅದ ಐತಿ."

"ಗೊತ್ತೈತಿ. ಸೊಟ್ಟ ಬಾಲದವೂ ಇನ್ನೂ ಹುಟ್ಟಾಕತ್ತಾವ. ನೆಟ್ಟಗಿನವು ಹೆಚ್ಚಾಗಬೇಕಂದ್ರ ಎರಡ-ಮೂರ ವರ್ಷ ಹಿಂಗ ಮಾಡಬೇಕಾಗತೈತಿ ಅಂತ ನೀನ ಹೇಳಿದ್ದಿ." ಧೋತರದ ಚುಂಗಿನಿಂದ ಮುಖ ಒರೆಸಿಕೊಂಡರು. "ಈ ಸಲ ಎಷ್ಟು ತಲಿ ಬೇಕಾಗತಾವ, ಈಗ ಹೇಳಿಬಿಡು. ಶ್ರಾವಣದಾಗ ಮಗಳು ಅಳಿಯ ಬರತಾರ. ಅಷ್ಟರಾಗ ಉಪಾಸ ಮುಗಿಸಬೇಕು."

ನಾನು ಆರು ಎಂದೆ. ಬೇಕಾಗಿದ್ದದ್ದು ಒಂಬತ್ತು. ಉಳಿದ ಮೂರಕ್ಕೆ ಮೂರು ದಿನ ನಾನು ಉಣ್ಣಲಿಲ್ಲ.