ಮೀನಿನ ಅಂಗಳದಲ್ಲಿ ಒಂದು ಬಾನಿ ಸಿಹಿನೀರು

ಕಾಪುವಿನ ಕಡಲತೀರದಲ್ಲಿ ಬೆಳಕು ಇನ್ನೂ ಪೂರ್ತಿಯಾಗಿ ಹರಿದಿಲ್ಲ. ಮೀನು ಒಣಗಿಸುವ ಅಂಗಳಗಳ ಸಾಲಿನತ್ತ ಐವತ್ತರ ಆಸುಪಾಸಿನ ಹೆಂಗಸೊಬ್ಬರು ತಲೆಯ ಮೇಲೊಂದು, ಸೊಂಟದಲ್ಲೊಂದು ಕೊಡ ಹೊತ್ತು, ಮರಳಿನಲ್ಲಿ ಕಾಲು ಹುಗಿಯುತ್ತಾ ನಡೆದು ಬರುತ್ತಿದ್ದಾರೆ. ಬೇಲಿಯ ಅಂಚಿನಲ್ಲಿ ಸರಪಳಿ ಸದ್ದಾಗುತ್ತದೆ. ಕಾವಲು ನಾಯಿಗಳು ಮೈಮುರಿದು ಎದ್ದು ನಿಲ್ಲುತ್ತವೆ. ಅವರು ಮಣ್ಣಿನ ಬಾನಿಯಲ್ಲಿ ಉಳಿದಿದ್ದ ನಿನ್ನೆಯ ನೀರನ್ನು ಚೆಲ್ಲಿ, ತೆಂಗಿನ ನಾರಿನಿಂದ ತಿಕ್ಕಿ ತೊಳೆದು, ಹೊಸ ನೀರು ತುಂಬುತ್ತಾರೆ. ಇದ್ದುದರ ಮೇಲೆಯೇ ಹೊಯ್ದರೆ ಆಗದೇ ಎಂದು ಕೇಳಿದರೆ ತಿರುಗಿಯೂ ನೋಡದೆ ಉತ್ತರ ಕೊಡುತ್ತಾರೆ: "ನಿನ್ನೆಯ ಚಾ ನೀವು ಕುಡಿಯುತ್ತೀರಾ? ಅದಕ್ಕೂ ಮೂಗು ಉಂಟು, ಅಲ್ವಾ?"

ಇವರು ವಾರಿಜಾ. ಊರಿಗೆಲ್ಲ ವಾರಿಜಕ್ಕ. ಚೆನ್ನಪ್ಪ ಸಾಹುಕಾರರ ಅಂಗಳದಲ್ಲಿ ಮೀನು ಸೀಳಿ, ಉಪ್ಪಿನ ತೊಟ್ಟಿಯಲ್ಲಿ ನೆನೆಹಾಕಿ, ಚಾಪೆಗಳ ಮೇಲೆ ಹರವುವುದು ಇವರ ಕೂಲಿ ಕೆಲಸ. ನಾಯಿಗಳಿಗೆ ನೀರು ಹೊರುವುದಕ್ಕೆ ಕೂಲಿಯಿಲ್ಲ. ಆ ಕೆಲಸವನ್ನು ಇವರಿಗೆ ಯಾರೂ ಒಪ್ಪಿಸಿಯೂ ಇಲ್ಲ.

ಒಣಮೀನಿನ ಅಂಗಳಕ್ಕೆ ತನ್ನದೇ ಆದ ಕಟ್ಟಳೆ ಇದೆ. ಅರೆ ಒಣಗಿದ ಮೀನಿಗೆ ಸಿಹಿನೀರು ಸಿಡಿದರೆ ಹುಳು ಬೀಳುತ್ತದೆ. ಆದುದರಿಂದ ಇಲ್ಲಿ ಕೈ ತೊಳೆಯುವುದು, ಬುಟ್ಟಿ ತೊಳೆಯುವುದು, ನೆಲ ತೊಳೆಯುವುದು ಎಲ್ಲವೂ ಕಡಲ ನೀರಿನಲ್ಲಿ. ಕುಡಿಯುವ ನೀರಿನ ಕೊಡ ಬೇಲಿಯ ಹೊರಗೆ. ಕೆಲಸದವರು ಬಾಯಾರಿದಾಗ ಹೊರಗೆ ಹೋಗಿ ಕುಡಿದು ಬರುತ್ತಾರೆ. ಕಟ್ಟಳೆಯೇನೋ ಸರಿಯಾದದ್ದೇ. ಆದರೆ ಅಂಗಳದ ನಟ್ಟನಡುವೆ, ಕಾಗೆ ಬೆಕ್ಕು ಕಳ್ಳರನ್ನು ಕಾಯುವುದಕ್ಕೆಂದು ಗೂಟಕ್ಕೆ ಬಿಗಿದ ನಾಯಿ ಹೊರಗೆ ಹೋಗುವುದು ಹೇಗೆ? ಈ ಪ್ರಶ್ನೆಯನ್ನು ಅಜ್ಜನ ಕಾಲದಿಂದಲೂ ಯಾರೂ ಕೇಳಿರಲಿಲ್ಲ. ಕೇಳಿದ್ದರೂ "ಕಡಲ ನಾಯಿಗೆ ಕಡಲೇ ಉಂಟಲ್ಲ" ಎಂಬ ಸಿದ್ಧ ಉತ್ತರವಿತ್ತು. ಇದಕ್ಕಿಂತ ದೊಡ್ಡ ಪ್ರಮಾದವೆಂದರೆ, ಕೆಲಸದವರು ಪ್ರೀತಿಯಿಂದಲೇ ತೊಟ್ಟಿಯೊಳಗಿನ ಉಪ್ಪು ಹಿಡಿದ ಮೀನಿನ ತಲೆಗಳನ್ನು ನಾಯಿಯತ್ತ ಎಸೆಯುತ್ತಿದ್ದರು. ಅಂಗಳದ ನಾಯಿ ಮೂರನೆಯ ಮಳೆಗಾಲ ಕಂಡದ್ದಿಲ್ಲ. ಸತ್ತಾಗ "ಉಪ್ಪುಗಾಳಿ ಹೊಡೆಯಿತು" ಎಂದು ಮರಳು ಮುಚ್ಚಿ, ಇನ್ನೊಂದು ಮರಿಯನ್ನು ತಂದು ಅದೇ ಗೂಟಕ್ಕೆ ಕಟ್ಟುತ್ತಿದ್ದರು.

ಉಪ್ಪು ತಿಂದವನು ನೀರು ಕುಡಿಯಲೇಬೇಕೆಂದು ಶಾಲೆಯ ಗೋಡೆಗಳ ಮೇಲೆ ಬರೆಸುವವರು ನಾವು. ಉಪ್ಪು ತಿನ್ನಿಸಿದವನು ನೀರನ್ನೂ ಕೊಡಬೇಕೆಂಬುದನ್ನು ಯಾವ ಗೋಡೆಯ ಮೇಲೂ ಬರೆಸಲಿಲ್ಲ.

ವಾರಿಜಾ ಹುಟ್ಟಿದ್ದು ಹೆಜಮಾಡಿಯಲ್ಲಿ. ಅವರ ತವರಿನ ಬಾವಿಕಟ್ಟೆಯ ಬುಡದಲ್ಲಿ, ಕಾರ್ಕಳದ ಕಲ್ಲುಕುಟಿಗರು ಕೆತ್ತಿದ ಕರಿಕಲ್ಲಿನ ಮರಿಗೆಯೊಂದಿತ್ತಂತೆ. ಬೆಳಗ್ಗೆ ಸೇದಿದ ಮೊದಲ ಕೊಡ ಅದಕ್ಕೆ, ಎರಡನೆಯದು ಅಡುಗೆಮನೆಗೆ. "ಅಮ್ಮ ಎಷ್ಟು ಅವಸರದಲ್ಲಿ ಇದ್ದರೂ ಮೊದಲಿನದು ಮರಿಗೆಗೇ ಹೊಯ್ಯುವುದು. ಕಾಗೆ ಬರಲಿ, ನಾಯಿ ಬರಲಿ, ದಾರಿಯ ದನ ಬರಲಿ. ಯಾರದು ಅಂತ ಕೇಳುವ ಕ್ರಮ ಇರಲಿಲ್ಲ" ಎನ್ನುತ್ತಾರೆ. ನಮ್ಮ ತಲೆಮಾರಿನ ಓದುಗರಿಗೂ ಅಂತಹ ಮರಿಗೆಗಳು ನೆನಪಿರಬೇಕು. ಮುಂಜಾನೆ ಹಗ್ಗ ಗಡಗಡೆಯ ಮೇಲೆ ಉರುಳುವ ಸದ್ದು, ಕಲ್ಲಿಗೆ ನೀರು ಬೀಳುವ ಸದ್ದು, ಅದರ ಬೆನ್ನಿಗೇ ಯಾವುದೋ ನಾಯಿಯ ನಾಲಗೆಯ ಚಪಚಪ ಸದ್ದು. ಈಗ ಪಂಪುಸೆಟ್ಟು ಬಂದಿದೆ. ನೀರು ಸೀದಾ ಸಿಮೆಂಟಿನ ಟಾಂಕಿಗೆ ಏರುತ್ತದೆ. ಮರಿಗೆಗಳನ್ನು ಕೆಲವರು ಬೋರಲು ಹಾಕಿ ಬಟ್ಟೆ ಒಗೆಯುತ್ತಾರೆ. ಉಡುಪಿಯ ಮನೆಯೊಂದರಲ್ಲಿ ಅದಕ್ಕೆ ಮಣ್ಣು ತುಂಬಿ ಕ್ರೋಟನ್ ಗಿಡ ನೆಟ್ಟಿರುವುದನ್ನು ನಾನೇ ಕಂಡಿದ್ದೇನೆ. ನೀರು ಹೆಚ್ಚಾಯಿತು, ಮೊದಲ ಕೊಡ ಇಲ್ಲವಾಯಿತು.

ಮದುವೆಯಾಗಿ ಕಾಪುವಿಗೆ ಬಂದಾಗ ಗಂಡ ಕಿಟ್ಟ ರಂಪಣಿ ಬಲೆಯಲ್ಲಿ ಪಾಲುದಾರ. ಊರಿಗೆ ಊರೇ ಹಗ್ಗ ಹಿಡಿದು ದಡಕ್ಕೆ ಎಳೆಯುತ್ತಿದ್ದ ಆ ದೊಡ್ಡ ಬಲೆಯ ಕಾಲ, ಯಂತ್ರದ ದೋಣಿಗಳು ಬಂದ ಮೇಲೆ ಮುಗಿಯಿತು. ಕಿಟ್ಟ ಮಲ್ಪೆಗೆ ಹೋಗಿ ಪರರ ದೋಣಿಯಲ್ಲಿ ದುಡಿಯತೊಡಗಿದರು. ಮನೆಗೆ ಬರುವುದು ಅಪರೂಪವಾಯಿತು. ಒಲೆ ಉರಿಯುತ್ತಿದ್ದುದು ವಾರಿಜಾ ಅವರ ಕೂಲಿಯಿಂದ. ಈ ಸಂಗತಿಯನ್ನು ಓದುಗರು ನೆನಪಿನಲ್ಲಿಡಬೇಕು. ಏಕೆಂದರೆ ೧೯೭೮ರ ಮೇ ತಿಂಗಳ ಒಂದು ಮಧ್ಯಾಹ್ನ ಅವರು ಪಣಕ್ಕಿಟ್ಟದ್ದು ಆ ಕೂಲಿಯನ್ನೇ.

ಅಂದು ಅಂಗಳದ ತುಂಬ ಮೀನು. ಗೂಟದಲ್ಲಿ ಬೊಳ್ಳು ಎಂಬ ಬಿಳಿ ನಾಯಿ. ಅದಕ್ಕದು ಎರಡನೆಯ ಬೇಸಿಗೆ. ಕಾಗೆಯೊಂದು ಅದರ ಮೂಗಿನ ಮುಂದೆಯೇ ಇಳಿದು ಮೀನು ಕಚ್ಚಿಕೊಂಡು ಹಾರಿತು. ಬೊಳ್ಳು ತಲೆ ಎತ್ತಲಿಲ್ಲ. ವಾರಿಜಾ ಹತ್ತಿರ ಹೋಗಿ ತುಟಿ ಮೇಲೆತ್ತಿ ನೋಡಿದರು. ಒಸಡು ಒಣಗಿ, ಮುಟ್ಟಿದ ಬೆರಳಿಗೆ ಅಂಟುತ್ತಿತ್ತು. ಹೆಗಲ ಮೇಲಿನ ಚರ್ಮವನ್ನು ಎಳೆದು ಬಿಟ್ಟರೆ ಅದು ಕೂಡಲೇ ಹಿಂದಕ್ಕೆ ಸರಿಯದೆ, ಮಡಿಸಿಟ್ಟ ಬಟ್ಟೆಯಂತೆ ನಿಂತಿತು. ದನದ ಆಸ್ಪತ್ರೆಯ ಕಂಪೌಂಡರ್ ಲಿಗೋರಿ ನೆರೆಮನೆಯ ಕರುವಿಗೆ ಭೇದಿಯಾದಾಗ ಹಾಗೆ ಎಳೆದು ನೋಡಿ, "ಮೈಯ ನೀರು ಆರಿದೆ" ಎಂದದ್ದನ್ನು ಅವರು ಕಂಡಿದ್ದರು.

ಅವರು ಸರಪಳಿ ಬಿಚ್ಚಿದರು. ಅಂಗಳದಲ್ಲಿ ಮೀನಿರುವಾಗ ಯಾರೂ ಮಾಡದ ಕೆಲಸ ಅದು.

"ಸಾಹುಕಾರ್ರು ಬಂದರೆ ನಿನ್ನ ಚರ್ಮವನ್ನೂ ಎಳೆದು ನೋಡುತ್ತಾರೆ, ಗೊತ್ತುಂಟಾ?" ಎಂದರು ಜೊತೆಯ ಕೆಲಸಗಾತಿ ವಿನೋದಾ.

"ಎಳೆಯಲಿ. ನನ್ನದು ಬೇಗ ಹಿಂದೆ ಹೋಗುತ್ತದೆ. ನಾನು ನೀರು ಕುಡಿದಿದ್ದೇನೆ."

ಇಬ್ಬರೂ ಸೇರಿ ನಾಯಿಯನ್ನು ಬೇಲಿಯ ಹೊರಗೆ, ದಡಕ್ಕೆ ಎಳೆದಿಟ್ಟ ದೋಣಿಯ ನೆರಳಿಗೆ ನಡೆಸಿದರು. ವಿನೋದಾ ಕನಿಕರದಿಂದ ಅರ್ಧ ಕೊಡ ನೀರನ್ನು ಒಮ್ಮೆಲೇ ಬಾನಿಗೆ ಸುರಿದರು. ಬೊಳ್ಳು ಉಸಿರು ಬಿಡದೆ ಕುಡಿದು, ಅಷ್ಟನ್ನೂ ಮರಳಿಗೆ ಕಕ್ಕಿತು. ಆಮೇಲೆ ವಾರಿಜಾ ಬಾನಿ ದೂರವಿಟ್ಟು, ಬೊಗಸೆಯಲ್ಲಿ ಸ್ವಲ್ಪ ಹಿಡಿದರು. ಅದು ನೆಕ್ಕಿ ಮುಗಿಸಿದ ಮೇಲೆ ಸ್ವಲ್ಪ ಹೊತ್ತು ಸುಮ್ಮನೆ ಕುಳಿತು, ಮತ್ತೆ ಒಂದು ಬೊಗಸೆ. ನಡುವೆ ಸೆರಗು ನೆನೆಸಿ ಅದರ ಹೊಟ್ಟೆ, ಪಾದಗಳನ್ನು ಒರೆಸಿದರು. ಬಾಯಿ ಬಿಡಿಸಿ ಹೊಯ್ಯೋಣವೇ ಎಂದು ವಿನೋದಾ ಕೇಳಿದಾಗ ಬೇಡವೆಂದರು. ನೀರು ಶ್ವಾಸಕ್ಕೆ ಹೋದೀತು.

"ನಿನ್ನ ಗಂಡನಿಗೆ ಹೀಗೆ ಬೊಗಸೆಯಲ್ಲಿ ಕುಡಿಸಿದ್ದು ಉಂಟಾ ಮಾರಾಯ್ತಿ?"

"ಅವರಿಗೆ ನೀರು ಎಲ್ಲಿ ಬೇಕು? ಅವರು ಕುಡಿಯುವುದು ತಾಳೆಮರದಿಂದ ಇಳಿಯುತ್ತದೆ."

ನಗು ಮುಗಿಯುವ ಮೊದಲೇ ಚೆನ್ನಪ್ಪ ಸಾಹುಕಾರರು ಬಂದರು. ಚಾಪೆಗಳ ಮೇಲೆ ಕಾಗೆಗಳ ಹಿಂಡು. ಗೂಟದಲ್ಲಿ ಬರಿಯ ಸರಪಳಿ.

"ಯಾರು ಬಿಚ್ಚಿದ್ದು?"

"ನಾನೇ ಸಾಹುಕಾರ್ರೇ. ಇದಕ್ಕೆ ಬಾಯಾರಿ ಸಾಯಲಿಕ್ಕೆ ಆಗಿದೆ."

"ಬಾಯಾರಿ? ಎದುರಿಗೆ ಇಷ್ಟು ದೊಡ್ಡ ಕಡಲು ಉಂಟಲ್ಲ!"

"ನೀವು ಅದರದ್ದು ಒಂದು ಲೋಟ ಕುಡಿದು ತೋರಿಸಿ. ನಾನು ಈಗಲೇ ಕಟ್ಟಿ ಹಾಕುತ್ತೇನೆ."

ಸಾಹುಕಾರರ ಮುಖ ಕೆಂಪೇರಿತು. "ನಾಯಿ ಬೇಕಾ, ಕೆಲಸ ಬೇಕಾ, ಹೇಳು."

ವಾರಿಜಾ ಬೊಗಸೆಯ ನೀರು ಚೆಲ್ಲದಂತೆ ಕುಳಿತೇ ಇದ್ದರು. "ಎರಡೂ ಬೇಕು. ಈಗ ನಾಯಿ."

"ಹಾಗಾದರೆ ನಾಳೆಯಿಂದ ಬರುವುದು ಬೇಡ" ಎಂದು ಸಾಹುಕಾರರು ಕಾಗೆ ಓಡಿಸಲು ಹೋದರು.

ಸುದ್ದಿ ತಿಳಿದು ಸಂಜೆ ಲಿಗೋರಿ ಸೈಕಲಿನಲ್ಲಿ ಬಂದರು. ಈಗ ನಿವೃತ್ತರಾಗಿ ಹಿರಿಯಡ್ಕದಲ್ಲಿರುವ ಅವರಿಗೆ ಆ ದಿನ ಚೆನ್ನಾಗಿ ನೆನಪಿದೆ. "ನಾನು ಬರುವಾಗ ನಾಯಿ ಎದ್ದು ನಿಂತಿತ್ತು. ಕುಡಿದದ್ದು ಹೊಟ್ಟೆಯಲ್ಲಿ ನಿಂತು, ಮೂತ್ರವೂ ಆಗಿತ್ತು. ಮತ್ತೆ ನನಗೆ ಎಂತ ಕೆಲಸ?" ಎಂದು ನಗುತ್ತಾರೆ. ಅಂದು ಅವರು ಹೇಳಿದ್ದು ಇಷ್ಟು: ಗಂಜಿಯ ತಿಳಿಯನ್ನು ಉಪ್ಪು ಹಾಕದೆ, ತಣಿಸಿ, ಸ್ವಲ್ಪ ಸ್ವಲ್ಪವೇ ಕೊಡಿ, ಸಿಹಿನೀರು ಯಾವಾಗಲೂ ಬಾಯಿಗೆ ಎಟುಕುವಲ್ಲಿರಲಿ, ವಾಂತಿ ನಿಲ್ಲದಿದ್ದರೆ, ಏಳಲಾರದೆ ಹೋದರೆ ಮನೆಮದ್ದು ನಂಬಿ ಕೂರಬೇಡಿ, ಆಸ್ಪತ್ರೆಗೆ ಹೊತ್ತು ತನ್ನಿ. "ಮತ್ತೊಂದು ಮಾತೂ ಹೇಳಿದ್ದೆ. ಇನ್ನು ಅದಕ್ಕೆ ತೊಟ್ಟಿಯ ಮೀನು ಹಾಕುವುದಾದರೆ ನನ್ನನ್ನು ಕರೆಯಬೇಡಿ, ಸೀದಾ ಗುಂಡಿ ತೋಡಿ ಅಂತ."

ಮರುದಿನ ಬೊಳ್ಳು ಗೂಟಕ್ಕೆ ಮರಳಿತು. ಕೆಲಸ ಕಳೆದುಕೊಂಡ ವಾರಿಜಾ ಬೇಲಿಯ ಹೊರಗೆ ಕೊಡದೊಂದಿಗೆ ಬಂದು ನಿಂತರು. ಒಳಗೆ ಕಾಲಿಡುವಂತಿಲ್ಲ. ವಿನೋದಾ ಸಾಹುಕಾರರ ಕಣ್ಣು ತಪ್ಪಿಸಿ ನಾಯಿಯನ್ನು ಬೇಲಿಯ ಬಳಿಗೆ ತರುವುದು, ಇವರು ಹೊರಗಿನಿಂದ ಬಾನಿ ಹಿಡಿಯುವುದು. ಹೊಟ್ಟೆಪಾಡಿಗೆ ಬೇರೆಡೆ ಗದ್ದೆಯ ಕೆಲಸ. ಮನೆಯಲ್ಲಿ ಒಂದು ಹೊತ್ತಿನ ಗಂಜಿ. ಅದರ ತಿಳಿಯೂ ನಾಯಿಯ ಪಾಲಿಗೆ. ಸಾಹುಕಾರರು ನೋಡಿಯೂ ನೋಡದವರಂತೆ ಇದ್ದರು. ಮಳೆಗಾಲಕ್ಕೆ ಮುನ್ನ ಒಂದು ಬೆಳಗ್ಗೆ ಬಂದರೆ ಗೂಟವೇ ಜಾಗ ಬದಲಿಸಿತ್ತು. ಅಂಗಳದ ನಡುವಿನಿಂದ ಕಿತ್ತು ಅದನ್ನು ಬೇಲಿಯ ಅಂಚಿಗೆ ನೆಟ್ಟಿದ್ದರು. ನಾಯಿಯ ತಲೆ ತೂರುವಷ್ಟು ಬೇಲಿಯನ್ನೂ ಕಡಿದಿದ್ದರು. ಮೀನಿಗೆ ನೀರು ಸಿಡಿಯದು, ನಾಯಿಗೆ ನೀರು ತಪ್ಪದು. ವಿನೋದಾರ ಮೂಲಕ ಸಾಹುಕಾರರ ಒಂದು ಮಾತೂ ಬಂತು: "ಅವಳಿಗೆ ಬರಲಿಕ್ಕೆ ಹೇಳು. ಮೀನು ಸೀಳಲಿಕ್ಕೆ ಜನ ಸಾಲುವುದಿಲ್ಲ."

ಕ್ಷಮೆಯ ಮಾತು ಅಂದೂ ಬರಲಿಲ್ಲ, ಇಂದಿಗೂ ಬಂದಿಲ್ಲ. ಈಗ ಕೋಲೂರಿ ನಡೆಯುವ ಚೆನ್ನಪ್ಪನವರನ್ನು ಕೇಳಿದರೆ ಕಣ್ಣು ಕಡಲಿನತ್ತ ತಿರುಗಿಸುತ್ತಾರೆ: "ನಾನು ನಾಯಿಗೆ ನೀರು ಬೇಡ ಅಂದವನಲ್ಲ. ಅಂಗಳಕ್ಕೆ ನೀರು ಬೇಡ ಅಂದವ." ಆ ಅಂತರವನ್ನು ಗೂಟ ಕಿತ್ತು ತೋರಿಸಿದ ಮನುಷ್ಯನ ಮೇಲೆ ನನ್ನ ಸಿಟ್ಟು ಹೆಚ್ಚು ಹೊತ್ತು ನಿಲ್ಲುವುದಿಲ್ಲ.

ನಿಲ್ಲುವುದು ಬೇರೆಯವರ ಮೇಲೆ. ಉಡುಪಿಯಿಂದ ಮಣಿಪಾಲದ ದಾರಿ ಹಿಡಿದು ಪರ್ಕಳದವರೆಗೆ ಹೋಗಿ ನೋಡಿ. "ನಾಯಿ ಇದೆ, ಎಚ್ಚರಿಕೆ" ಎಂಬ ಫಲಕ ಹೊಸ ಗೇಟುಗಳ ಮೇಲೆ ಮಿರುಗುತ್ತದೆ. ಒಳಗೆ, ಕಾದ ಸಿಮೆಂಟಿನ ಮೇಲೆ ಬೆಲೆಬಾಳುವ ನಾಯಿ ಏದುಸಿರು ಬಿಡುತ್ತಿರುತ್ತದೆ. ಅದರ ತಟ್ಟೆಯಲ್ಲಿ ಬೆಳಗ್ಗೆ ಇಟ್ಟು ಬಿಸಿಲಿಗೆ ಕಾದ ನೀರು, ಅದರಲ್ಲಿ ಸತ್ತ ಇರುವೆ. ಇವರಿಗೆ ಉಪ್ಪಿನ ತೊಟ್ಟಿಯ ನೆಪವಿಲ್ಲ, ಹುಳು ಬೀಳುವ ಮೀನಿಲ್ಲ, ಮನೆಯೊಳಗೆ ನಲ್ಲಿಯಿದೆ. ಅಸಡ್ಡೆಯೊಂದೇ ಇವರ ಕಟ್ಟಳೆ. ಬಿಸಿಲು ಬಂದಾಗ ನೆರಳಿಗೆ ಸರಿಸಿ ನೀರು ಬದಲಿಸುವುದಕ್ಕೆ ಐಶ್ವರ್ಯವೂ ಬೇಡ, ವಿದ್ಯೆಯೂ ಬೇಡ. ಕಟ್ಟಿಹಾಕಿದ ಪ್ರಾಣಿಯ ದಾಹ ಕಟ್ಟಿದವನ ಹೊಣೆ ಎಂಬ ನಾಚಿಕೆಯೊಂದು ಬೇಕು.

ಇಂದು ಕಾಪುವಿನ ಈ ಸಾಲಿನ ಅಂಗಳಗಳಲ್ಲೆಲ್ಲ ಗೂಟಗಳು ಬೇಲಿಯ ಅಂಚಿಗೆ ಬಂದಿವೆ. ಕೆಲವು ಮನೆಗಳವರು ತಾವೇ ಬಾನಿ ತುಂಬುತ್ತಾರೆ. ಮರೆತವರದನ್ನು ವಾರಿಜಾ ತುಂಬುತ್ತಾರೆ. ಅಷ್ಟರಲ್ಲಿ ಬಿಸಿಲೇರಿ ಮೀನು ಸೀಳುವ ಹೊತ್ತಾಗುತ್ತದೆ. ಪತ್ರಿಕೆಗೆ ಒಂದು ಫೋಟೋ ಬೇಕೆಂದರೆ ಉಪ್ಪು ಮೆತ್ತಿದ ಕೈಯನ್ನು ಅಡ್ಡ ಹಿಡಿಯುತ್ತಾರೆ.

"ನನ್ನದು ಎಂತ ಬರೆಯಲಿಕ್ಕೆ ಉಂಟು ಮಾಸ್ಟ್ರೇ?" ಎನ್ನುತ್ತಾರೆ. ಆಮೇಲೆ ಕತ್ತಿಯನ್ನು ಕಲ್ಲಿಗೆ ಮಸೆಯುತ್ತಾ, ನನಗಿಂತ ಹೆಚ್ಚಾಗಿ ತಮಗೇ ಹೇಳಿಕೊಳ್ಳುವಂತೆ ಮಾತು ಮುಂದುವರಿಸುತ್ತಾರೆ. "ಬೊಳ್ಳು ಹೋದ ವರ್ಷ ಆಟಿ ತಿಂಗಳ ಮಳೆಯಲ್ಲಿ ತೀರಿಕೊಂಡಿತು, ಹದಿನಾಲ್ಕು ಮಳೆಗಾಲ ಕಂಡು. ಹಲ್ಲೆಲ್ಲ ಉದುರಿತ್ತು, ಕಣ್ಣಿಗೆ ಪೊರೆ ಬಂದಿತ್ತು, ಕಾಗೆ ಬಂದರೂ ಕಾಣುತ್ತಿರಲಿಲ್ಲ. ಬರೆಯುವುದಾದರೆ ಅದನ್ನೇ ಬರೆಯಿರಿ. ಈ ಅಂಗಳದಲ್ಲಿ ಒಂದು ನಾಯಿ ಮುದಿಯಾಗಿ ಸತ್ತಿತು, ಬಾಯಾರಿ ಅಲ್ಲ ಅಂತ."